ಹಲ್ಲಿ ಲೊಚಗುಟ್ಟಿದ್ದು ಯಾರ ಮಾತಿಗೆ

ಗುರುಪಾದಪ್ಪ ಚಳಿಜ್ವರ ಬಂದು, ಎರಡು ಕಂಬಳಿ ಹೊದ್ದು ನಡುಗುತ್ತ ಮಲಗಿದ್ದ. ಜ್ವರ ಯಾಕೆ ಬಂತೆಂದು ಕೋಣೆಯ ಸಾಮಾನುಗಳು ವಾದಕ್ಕೆ ಕೂತವು.

"ದೃಷ್ಟಿ ತಾಗಿದೆ," ಎಂದಿತು ಬಾಗಿಲಿಗೆ ಕಟ್ಟಿದ್ದ ನಿಂಬೆಹಣ್ಣು. "ನಾನು ಒಣಗಿಹೋದರೂ ಯಾರೂ ಬದಲಿಸಲಿಲ್ಲ."

ಗೋಡೆಯ ಮೇಲೆ ಹಲ್ಲಿ ಲೊಚಗುಟ್ಟಿತು. ಹಲ್ಲಿ ಲೊಚಗುಟ್ಟಿದರೆ ಆಡಿದ ಮಾತು ನಿಜವೆಂದು ಆ ಮನೆಯ ನಂಬಿಕೆ. ನಿಂಬೆಹಣ್ಣು ಬೀಗಿತು.

"ದೃಷ್ಟಿಯೂ ಇಲ್ಲ, ಮಣ್ಣೂ ಇಲ್ಲ. ಪಿತ್ತ ಕೆರಳಿದೆ," ಎಂದಿತು ಕಷಾಯದ ಚೊಂಬು. ಹಲ್ಲಿ ಮತ್ತೆ ಲೊಚಗುಟ್ಟಿತು. ಈಗ ಚೊಂಬು ಬೀಗಿತು.

ಜಗಳ ಹತ್ತಿತು. ಗೋಡೆಯ ಮೇಲೆ ಕೂತು ಕೇಳುತ್ತಿದ್ದ ಸೊಳ್ಳೆ ಮುಂಗಾಲು ಜೋಡಿಸಿ ವಿನಯದಿಂದ ಹೇಳಿತು: "ಹಿರಿಯರೆ, ಇಬ್ಬರ ಮಾತಿನಲ್ಲೂ ತೂಕವಿದೆ. ಆತುರದ ತೀರ್ಮಾನ ಬೇಡ, ನಿಧಾನವಾಗಿ ವಿಚಾರ ಮಾಡಿ. ಅಷ್ಟರಲ್ಲಿ ನಾನು ಪಕ್ಕದ ಹಾಸಿಗೆಯ ಅಮ್ಮನವರನ್ನು ಕಂಡು ಬರುತ್ತೇನೆ."

"ಎಂಥ ಸಂಸ್ಕಾರವಂತ," ಎಂದವು ಎರಡೂ ಒಂದೇ ಉಸಿರಿಗೆ.

ಹಲ್ಲಿ ನಾಲಿಗೆ ಚಾಚಿತು. ಸೊಳ್ಳೆ ಮಾಯವಾಯಿತು.

"ಅಯ್ಯೋ ಪಾಪಿ, ಇದ್ದ ಒಬ್ಬ ಮಧ್ಯಸ್ಥನನ್ನೂ ನುಂಗಿದೆಯಲ್ಲ," ಎಂದು ನಿಂಬೆಹಣ್ಣು ಗೋಳಾಡಿತು. "ಹೋಗಲಿ, ನೀನು ಲೊಚಗುಟ್ಟಿ ಒಪ್ಪಿದ್ದು ಯಾರ ಮಾತನ್ನು? ಅದನ್ನಾದರೂ ಹೇಳು."

"ನಿಮ್ಮ ಮಾತು ಕೇಳುವುದಕ್ಕೆ ನನಗೆಲ್ಲಿತ್ತು ಪುರುಸೊತ್ತು?" ಎಂದಿತು ಹಲ್ಲಿ, ಬಾಯಿ ಒರೆಸಿಕೊಳ್ಳುತ್ತ. "ಜ್ವರ ತಂದ ಈ ಸೊಳ್ಳೆ ಎರಡು ಸಲ ನನ್ನ ಗುರಿಯಿಂದ ತಪ್ಪಿಸಿಕೊಂಡಿತು. ಆ ಸಂಕಟಕ್ಕೆ ಲೊಚಗುಟ್ಟಿದೆ."



"ಗುರಿ ತಪ್ಪಿದ್ದು ಪಿತ್ತದಿಂದ," ಎಂದಿತು ಚೊಂಬು.

"ಅಲ್ಲ," ಎಂದಿತು ನಿಂಬೆಹಣ್ಣು. "ಹಲ್ಲಿಗೂ ದೃಷ್ಟಿ ತಾಗಿದೆ."