ಸಂಪಿಗೆ ಎಣ್ಣೆಯ ಮರ್ಯಾದೆ

ಸಂಪಿಗೆ ಎಣ್ಣೆಯ ವಾಸನೆ ಬಂದರೆ ಸಾಕು, ಕೇತನ ತಲೆ ತಾನಾಗಿ ತಗ್ಗುತ್ತಿತ್ತಂತೆ. ಮುದುಕನಾಗಿ, ತನ್ನ ಹತ್ತಿರವೇ ನಲವತ್ತು ಶಿಷ್ಯರು ಕಲಿಯಲು ಬಂದ ಮೇಲೂ.

ಯಾಕೆ ಅಂತೀರಾ? ಅದನ್ನೇ ಹೇಳಬೇಕು.

ಯವನರ ಹಡಗುಗಳು ಮೆಣಸು ಕೊಳ್ಳಲು ನಮ್ಮ ಕಡಲಿಗೆ ಬರುತ್ತಿದ್ದ ಕಾಲ ಅದು. ಹೊಳೆ ದಂಡೆಯಲ್ಲಿ ಸಿರಿನಂದಿ ಗುರುಗಳ ಆಶ್ರಮ. ಹನ್ನೆರಡು ಮಂದಿ ಅಲ್ಲಿ ಕಲಿಯುತ್ತಿದ್ದರು. ಎಲ್ಲರಿಗಿಂತ ದೊಡ್ಡವನು ಕೇತ. ಜಾಣ. ತಾನು ಜಾಣ ಅಂತ ಗೊತ್ತಿದ್ದ ಜಾಣ.

ಭತ್ತ ಕುಟ್ಟಿ ಗಂಜಿ ಬೇಯಿಸಿ ಹಾಕುವವಳು ಜಕ್ಕವ್ವ. ಹಿಂದೆ ಮುಂದೆ ಯಾರೂ ಇಲ್ಲದ ಮುದುಕಿ. ಸಂಜೆಯಾದರೆ ಮಕ್ಕಳನ್ನು ಸುತ್ತ ಕೂರಿಸಿಕೊಂಡು ಕಥೆ ಹೇಳುತ್ತಿದ್ದಳು. ಕೇತನೂ ಚಿಕ್ಕವನಿದ್ದಾಗ ಅವಳ ತೊಡೆಯ ಮೇಲೆ ತಲೆಯಿಟ್ಟು ಕಥೆ ಕೇಳಿ ಬೆಳೆದವನೇ.

ಆ ವರ್ಷ ಮಳೆಗಾಲ ಪೂರ್ತಿ ಒಬ್ಬ ಯವನ ಆಶ್ರಮದಲ್ಲಿ ಉಳಿದ. ಹೆಸರು ಥಿಯೋನ್. ಮಕ್ಕಳ ನಾಲಿಗೆ ಹೊರಳದೆ ತೇವಣ್ಣ ಆಯಿತು.

ಅವನ ನಾಡಿನಲ್ಲಿ ಹಿಂದೆ ಒಬ್ಬ ಹಿರಿಯ ಒಂದು ಊರು ಕಟ್ಟಿದ್ದನಂತೆ. ಕಲ್ಲಿನಲ್ಲಲ್ಲ, ಮಾತಿನಲ್ಲಿ. ಆ ಊರಿನಲ್ಲಿ ತಿಳಿದವನೇ ಅರಸ. ಯಾರಿಗೆ ಯಾವುದು ಒಗ್ಗುತ್ತದೋ ಅದೇ ಅವರ ಕೆಲಸ. ಗಂಡು ಹೆಣ್ಣು ಅನ್ನದೆ ಇಬ್ಬರಿಗೂ ಒಂದೇ ಪಾಠ.

"ಕಥೆ ಕಟ್ಟುವವರು ಬಂದರೆ?" ಅಂತ ಕೇತ ಕೇಳಿದ.

"ತಲೆಗೆ ಘಮಘಮ ಎಣ್ಣೆ ಹಾಕಿ, ಉಣ್ಣೆಯ ದಂಡೆ ಕಟ್ಟಿ, ಮರ್ಯಾದೆಯಿಂದ ಊರಾಚೆ ಕಳಿಸುತ್ತಾರೆ. ಇಲ್ಲದ್ದನ್ನು ಇದೆ ಅಂತ ಹೇಳಿ ಎಳೆಯರ ಮನಸ್ಸು ಕೆಡಿಸುತ್ತಾರಲ್ಲ, ಅದಕ್ಕೆ."

ಮಳೆ ನಿಂತಿತು. ತೇವಣ್ಣ ಹಡಗು ಹತ್ತಿದ. ಅವನ ಊರು ಮಾತ್ರ ಕೇತನ ತಲೆಯಲ್ಲೇ ಉಳಿಯಿತು.

"ಗುರುಗಳೇ, ಅಂಥ ಊರು ನಮ್ಮಲ್ಲೂ ಆಗಬೇಕು."

"ಆಗಲಿ."

"ಯಾರು ಕಟ್ಟುತ್ತಾರೆ?"

"ಆಸೆ ಯಾರದ್ದು?"

ಗುರುಗಳು ಆಚೆ ದಡದಲ್ಲಿ ಕಾಯಿಲೆ ಬಿದ್ದಿದ್ದ ಗೆಳೆಯನನ್ನು ನೋಡಲು ಹೊರಟಿದ್ದರು. ದೋಣಿಗೆ ಕಾಲಿಡುತ್ತ ಹೇಳಿದರು, "ಎಂಟು ದಿನ ಆಶ್ರಮ ನಿನ್ನದು. ಕಟ್ಟು. ಬಂದು ನೋಡುತ್ತೇನೆ."

"ಎಲ್ಲ ನನ್ನ ಮಾತಿನಂತೆಯೇ?"

"ಎಲ್ಲ ನಿನ್ನ ಮಾತಿನಂತೆಯೇ."

ಮೊದಲ ದಿನವೇ ಕೇತ ಅಂಬಿಗರ ಹುಡುಗಿ ಬೊಮ್ಮಕ್ಕನನ್ನು ಪಾಠಕ್ಕೆ ಕರೆದ. ಮೂರೇ ದಿನದಲ್ಲಿ ಅವಳು ಲೆಕ್ಕದಲ್ಲಿ ಹುಡುಗರನ್ನೆಲ್ಲ ಹಿಂದೆ ಹಾಕಿದಳು. ಕೇತ ಉಬ್ಬಿಹೋದ. ಗಟ್ಟಿ ಮೈಯವರನ್ನು ಕಾವಲಿಗೆ ಹಾಕಿದ. ಮಣ್ಣು ಇಷ್ಟಪಡುವವರನ್ನು ತೋಟಕ್ಕೆ ಕಳಿಸಿದ. ಊರು ಮೇಲೇಳುತ್ತಿತ್ತು.

ಐದನೆಯ ದಿನ ಬೆಳಿಗ್ಗೆ ಎಲ್ಲರಿಗಿಂತ ಚಿಕ್ಕವನಾದ ಮಾಚ ಸ್ನಾನಕ್ಕೆ ಹೊಳೆಗೆ ಇಳಿಯಲಿಲ್ಲ.

"ಆ ಕಡೆ ಮಡುವಿನಲ್ಲಿ ಜಡೆಭೂತ ಇದೆ. ನಾನು ಒಲ್ಲೆ."

"ಯಾರು ಹೇಳಿದರು?"

"ಜಕ್ಕವ್ವ."

ಕೇತನಿಗೆ ತೇವಣ್ಣನ ಮಾತು ನೆನಪಾಯಿತು.

ಸಂಜೆ ಜಕ್ಕವ್ವ ಎಂದಿನಂತೆ ಕಥೆ ತೆಗೆದಿದ್ದಳು.

"ಆ ಕೊಕ್ಕರೆಗೆ ಕೆಸರು ಅಂದರೆ ಆಗದು. ಕೆಸರಿಲ್ಲದ ಜಾಗ ಸಿಕ್ಕರೆ ಮಾತ್ರ ಕಾಲಿಡ್ತೀನಿ ಅಂತ ಒಂದು ಕಾಲು ಮೇಲೆತ್ತಿತು. ಎತ್ತಿಕೊಂಡು ಹೊಳೆಯೆಲ್ಲ ನೋಡಿತು. ಇಲ್ಲೂ ಕೆಸರು, ಅಲ್ಲೂ ಕೆಸರು. ಆಗ ಒಂದು ಮೀನು ಬಂತು. 'ಕೊಕ್ಕರೆಯಣ್ಣಾ, ನಿನ್ನ ಇನ್ನೊಂದು ಕಾಲು ಎಲ್ಲಿದೆ, ನೋಡಿಕೊಂಡೆಯಾ?' ಅಂತು. ಅದಕ್ಕೆ ಕೊಕ್ಕರೆ..."

"ಜಕ್ಕವ್ವ, ಸಾಕು," ಅಂದ ಕೇತ. "ಎದ್ದು ಈ ಮಣೆ ಮೇಲೆ ಕೂತುಕೋ."

ಕೈಯಲ್ಲಿ ಸಂಪಿಗೆ ಹೂ ಹಾಕಿ ಕಾಯಿಸಿದ ಎಣ್ಣೆಯ ಬಟ್ಟಲು. ಅವಳ ನರೆತ ತಲೆಗೆ ಸುರಿದ. ಎಣ್ಣೆ ಕಿವಿಯ ಹಿಂದೆ ಇಳಿಯಿತು.

"ಅಯ್ಯಯ್ಯೋ, ನನ್ನ ಮದುವೆಯಲ್ಲೂ ಇಷ್ಟು ಹಾಕಿರಲಿಲ್ಲ ಕಣೋ!"

ಮಕ್ಕಳು ಚಪ್ಪಾಳೆ ತಟ್ಟಿದರು. ಕೇತ ಅವಳ ಹಣೆಯ ಸುತ್ತ ಉಣ್ಣೆಯ ದಂಡೆ ಕಟ್ಟಿದ.

"ಹೇಗೆ ಕಾಣ್ತೀನೋ, ಮಾಚ?"

"ಟಗರು ಕಂಡ ಹಾಗೆ!"

ಎಲ್ಲರಿಗೂ ನಗು. ಅವಳಿಗೇ ಹೆಚ್ಚು ನಗು.

ಕೇತ ಬಟ್ಟಲಿನೊಳಗೆ ನೋಡುತ್ತ ಹೇಳಿದ, "ಈ ಮರ್ಯಾದೆ ಆದವರು ಎಲ್ಲೆಕಲ್ಲು ದಾಟಿ ಹೋಗಬೇಕು, ಜಕ್ಕವ್ವ. ಮತ್ತೆ ಬರಬಾರದು. ಊರಿನ ಕಟ್ಟಳೆ."

ಚಪ್ಪಾಳೆ ನಿಂತಿತು.

ಮುದುಕಿ ಹಣೆಯ ಉಣ್ಣೆಯನ್ನು ಒಮ್ಮೆ ಮುಟ್ಟಿ ನೋಡಿಕೊಂಡಳು. ಆಮೇಲೆ ಮೊದಲಿಗಿಂತ ಜೋರಾಗಿ ನಕ್ಕಳು.

"ಇಷ್ಟೇನಾ? ಒಳ್ಳೇದಾಯ್ತು ಬಿಡು. ಬೆನ್ನು ನೋವು, ಒನಕೆ ಎತ್ತೋಕೆ ಆಗ್ತಿರಲಿಲ್ಲ. ಹೇಳೋಣ ಅಂತಲೇ ಇದ್ದೆ. ನೋಡಿ ಮಕ್ಕಳೇ, ಕೇತಣ್ಣನಿಗೆ ಅದೆಷ್ಟು ಅಂತಃಕರಣ!"

ಒಂದು ಹಳೆಯ ಸೀರೆಯಲ್ಲಿ ತನ್ನದು ಅಂತ ಇದ್ದುದನ್ನು ಗಂಟು ಕಟ್ಟಿಕೊಂಡು ನಗುನಗುತ್ತಲೇ ಹೋದಳು.

ನಗುತ್ತಾ ಹೋದಳಲ್ಲ ಅಂತ ಕೇತ ತನಗೆ ತಾನೇ ಹೇಳಿಕೊಂಡ. ಅಂದು ತನ್ನ ಗಂಜಿಯನ್ನು ಮಾತ್ರ ಮಾಚನ ಬಟ್ಟಲಿಗೆ ಸುರಿದ.

ಮರುದಿನ ಅವನು ಮಾಚನಿಗೆ ಹೇಳಿದ, "ಮಡುವಿನಲ್ಲಿ ಭೂತವೂ ಇಲ್ಲ, ಪ್ರೇತವೂ ಇಲ್ಲ. ಅದೆಲ್ಲ ಸುಳ್ಳು."

ಮಾಚ ನಂಬಿದ. ಅದರ ಮಾರನೆಯ ದಿನ ಒಬ್ಬನೇ ಮಡುವಿಗೆ ಇಳಿದ.

ಬೊಮ್ಮಕ್ಕ ಕಂಡಳು, ಪುಣ್ಯ. ಹಾರಿ, ಜುಟ್ಟು ಹಿಡಿದು ಎಳೆದು ತಂದಳು. ಹೊಟ್ಟೆ ಒತ್ತಿದಾಗ ಮಾಚನ ಬಾಯಿಂದ ನೀರು ಬಂತು, ಆಮೇಲೆ ಅಳು ಬಂತು.

"ಅಲ್ಲಿ ಎರಡಾಳು ಆಳ ಇದೆ, ಕೇತಣ್ಣ," ಅಂದಳು ಬೊಮ್ಮಕ್ಕ, ಒದ್ದೆ ಬಟ್ಟೆ ಹಿಂಡುತ್ತ. "ನಿಮಗೆ ಗೊತ್ತಿರಲಿಲ್ಲವಾ?"

ಕೇತನಿಗೆ ಗೊತ್ತಿರಲಿಲ್ಲ. ಜಡೆಭೂತ ಇದೆ ಅಂತ ಚಿಕ್ಕಂದಿನಿಂದಲೂ ಅವನು ಆ ಕಡೆ ಕಾಲೇ ಇಟ್ಟಿರಲಿಲ್ಲ.

ಎಂಟನೆಯ ದಿನ ಬೆಳಗಾಗುತ್ತಲೇ ಅವನು ದಂಡೆಯಲ್ಲಿ ನಿಂತಿದ್ದ. ದೂರದಲ್ಲಿ ಒಂದು ಕೊಕ್ಕರೆ, ಒಂದು ಕಾಲು ಎತ್ತಿಕೊಂಡು. ಅದು ಕಾಲಿಡುತ್ತದೇನೋ ಅಂತ ಅವನು ಬಹಳ ಹೊತ್ತು ನೋಡಿದ. ಅಷ್ಟರಲ್ಲಿ ಗುರುಗಳ ದೋಣಿ ಬಂತು. ಕೊಕ್ಕರೆ ಹಾರಿಹೋಯಿತು.

"ಊರು ಕಟ್ಟಿದೆಯಾ?"

"ಕಟ್ಟಿದೆ, ಗುರುಗಳೇ." ದನಿ ಸಣ್ಣದಾಗಿತ್ತು.

ಗುರುಗಳು ಬೊಮ್ಮಕ್ಕನನ್ನು ಕೂರಿಸಿಕೊಂಡು ನಾಲ್ಕು ಲೆಕ್ಕ ಕೇಳಿದರು. "ಇದು ಒಳ್ಳೆಯ ಕೆಲಸ. ಇದನ್ನು ಬಿಡಬೇಡ," ಅಂದರು. ಆಮೇಲೆ ಗಂಜಿ ಬಾಯಿಗಿಟ್ಟರು.

"ಸೀದಿದೆಯಲ್ಲ. ಜಕ್ಕವ್ವ ಎಲ್ಲಿ?"

"ಎಣ್ಣೆ ಹಾಕಿ, ಉಣ್ಣೆ ಕಟ್ಟಿ ಎಲ್ಲೆಯಾಚೆ ಕಳಿಸಿದೆ."

"ಏನು ತಪ್ಪು ಮಾಡಿದಳು?"

"ಇಲ್ಲದ್ದನ್ನು ಇದೆ ಅಂತ ಹೇಳುತ್ತಿದ್ದಳು."

"ಅಂಥವರನ್ನು ಕಳಿಸಬೇಕು ಅಂತ ಯಾರು ಹೇಳಿದರು?"

"ಆ ಊರಿನ ಕಟ್ಟಳೆ."

"ಆ ಊರು ಎಲ್ಲಿದೆ?"

"ಎಲ್ಲೂ... ಮಾತಿನಲ್ಲಿ."

"ಕಣ್ಣಾರೆ ಕಂಡವರು?"

"ಯಾರೂ ಇಲ್ಲ," ಅಂದ ಕೇತ. ಕಿವಿ ಬಿಸಿಯಾಯಿತು.

"ಎಣ್ಣೆ ಉಳಿದಿದೆಯಾ?" ಅಂತ ಕೇಳಿದರು ಗುರುಗಳು.

"ಇದೆ."

"ಉಣ್ಣೆ?"

"ಅದೂ ಇದೆ."

"ತಾ. ಮಣೆ ಹಾಕು."

ಹೇಗೆ ಮಾಡಿದೆ ಅಂತ ನೋಡುವುದಕ್ಕಿರಬೇಕು ಅಂದುಕೊಂಡು ಕೇತ ಮಣೆ ಹಾಕಿದ.

"ಕೂತುಕೋ."

ತಣ್ಣನೆಯ ಎಣ್ಣೆ ನೆತ್ತಿಗೆ ಬಿತ್ತು. ಹಣೆಗೆ ಇಳಿಯಿತು, ಮೂಗಿನ ತುದಿಯಲ್ಲಿ ತೊಟ್ಟಿಕ್ಕಿತು. ಗುರುಗಳು ಗಂಟು ಹಾಕಿ ಉಣ್ಣೆ ಕಟ್ಟಿದರು. ಮಕ್ಕಳೆಲ್ಲ ಸುತ್ತ ನಿಂತಿದ್ದರು. ಒಬ್ಬರೂ ಚಪ್ಪಾಳೆ ತಟ್ಟಲಿಲ್ಲ. ಟಗರಿನ ಹಾಗೆ ಅಂತ ಯಾರೂ ಅನ್ನಲಿಲ್ಲ. ಅಂದಿದ್ದರೆ ಒಳ್ಳೆಯದಿತ್ತು ಅನ್ನಿಸಿತು ಅವನಿಗೆ.

"ಇಲ್ಲದ ಊರನ್ನು ಇದೆ ಅಂತ ಇಷ್ಟು ಮಕ್ಕಳಿಗೆ ಹೇಳಿದವನು ನೀನು," ಅಂದರು ಗುರುಗಳು. "ಮರ್ಯಾದೆಯಿಂದಲೇ ಕಳಿಸುತ್ತಿದ್ದೇನೆ. ಎಲ್ಲೆಕಲ್ಲು ಆ ಕಡೆ."

"ಗುರುಗಳೇ, ನಾನು ಮತ್ತೆ ಬರಬಹುದಾ?"

"ನಿನ್ನ ಕಟ್ಟಳೆ ಏನನ್ನುತ್ತದೆ?"

ಕೇತ ಎದ್ದು ನಡೆದ. ಬಟ್ಟೆ ಒಗೆಯುತ್ತಿದ್ದ ಹೆಂಗಸರು ಒಗೆಯುವುದನ್ನು ನಿಲ್ಲಿಸಿ ನೋಡಿದರು. ಉಣ್ಣೆಯನ್ನು ಕಿತ್ತೊಗೆಯಬೇಕು ಅನ್ನಿಸಿತು. ಅವಳು ಕೀಳಲಿಲ್ಲವಲ್ಲ ಅಂತ ನೆನಪಾಗಿ ಕೈ ಕೆಳಗಿಳಿಸಿದ.

ಎಲ್ಲೆಕಲ್ಲಿನಿಂದ ಕೂಗಳತೆ ದೂರದ ಹೊನ್ನೆಮರದ ಕೆಳಗೆ ಜಕ್ಕವ್ವ ಕೂತಿದ್ದಳು. ಅಂಬಿಗರ ಬಲೆಗೆ ಸಿಕ್ಕಿದ ಪಾಚಿ ಬಿಡಿಸುತ್ತಿದ್ದಳು. ಅದಕ್ಕೆ ಅವರು ಒಂದು ಹೊತ್ತು ಊಟ ಹಾಕುತ್ತಿದ್ದರು. ತಲೆ ಎತ್ತಿ ನೋಡಿದಳು.

"ಅರೆ! ನಿನಗೂ ಮರ್ಯಾದೆ ಮಾಡಿದರಾ?"

ಕೇತ ಅವಳ ಮುಂದೆ ಕುಸಿದು ಕೂತ.

"ಜಕ್ಕವ್ವ, ಅದು ಮರ್ಯಾದೆ ಅಲ್ಲ."

"ಗೊತ್ತು ಬಿಡು."

"ಗೊತ್ತಿತ್ತಾ?"

"ಚಿಕ್ಕವನಿದ್ದಾಗ ಬೆಲ್ಲ ಕದ್ದರೆ ಹೀಗೇ, ನನ್ನ ಮುಖ ಬಿಟ್ಟು ಬೇರೆಲ್ಲ ನೋಡ್ತಿದ್ದೆ. ಅವತ್ತು ಬಟ್ಟಲು ನೋಡ್ತಾ ಮಾತಾಡಿದೆಯಲ್ಲ, ಆಗಲೇ ತಿಳೀತು."

"ತಿಳಿದೂ ನಕ್ಕೆಯಲ್ಲ?"

"ಮಕ್ಕಳು ನೋಡ್ತಿದ್ದರಲ್ಲೋ. ನಾನು ಅತ್ತಿದ್ದರೆ ಅವರು ನಿನ್ನ ಮುಖ ನೋಡ್ತಿದ್ದರಾ? ನಾಳೆ ಅವರಿಗೆ ಹೇಗೆ ಪಾಠ ಹೇಳ್ತಿದ್ದೆ ನೀನು?"

"ಬೆನ್ನು ನೋವು ಅಂದೆ."

"ನನ್ನ ಬೆನ್ನಿಗೇನಾಗಿದೆ? ಇನ್ನೂ ಹತ್ತು ಕೊಳಗ ಭತ್ತ ಕುಟ್ಟೇನು."

ಕೇತನಿಗೆ ಭೂಮಿ ಬಾಯಿ ಬಿಡಬಾರದೇ ಅನ್ನಿಸಿತು. ಮಡುವಿನ ವಿಷಯ ಹೇಳಬೇಕು, ಮಾಚನ ವಿಷಯ ಹೇಳಬೇಕು ಅಂತ ಬಾಯಿ ತೆಗೆದ. ಕೆನ್ನೆ ಒದ್ದೆಯಾಯಿತು.

ಮುದುಕಿ ಸೆರಗಿನಿಂದ ಅವನ ಮುಖ ಒರೆಸಿದಳು.

"ಎಣ್ಣೆ ಕಣ್ಣಿಗೆ ಹೋಗಿದೆ," ಅಂದಳು.

"ಹೌದವ್ವಾ," ಅಂದ ಕೇತ. "ಎಣ್ಣೆಯೇ."

ಸ್ವಲ್ಪ ಹೊತ್ತಿನ ಮೇಲೆ ಅವನು ಅವಳ ಗಂಟು ಎತ್ತಿಕೊಂಡ.

"ಏಳವ್ವಾ, ಎಲ್ಲೆಕಲ್ಲಿನವರೆಗೆ ಬಿಡ್ತೀನಿ. ನೀನು ಒಳಗೆ ಹೋಗು. ಬಲೆಯ ಪಾಚಿ ನಾನು ಬಿಡಿಸ್ತೀನಿ."

"ನಿನಗೆ ಬರತ್ತಾ?"

"ಕಲೀತೀನಿ."

ಇಬ್ಬರೂ ನಡೆದರು. ಎಲ್ಲೆಕಲ್ಲು ಕಾಣಿಸಿತು. ಕಲ್ಲಿನ ಈಚೆ, ಹೊರಗಡೆ, ನೆಲದ ಮೇಲೆ ಗುರುಗಳು ಕೂತಿದ್ದರು. ಅವರ ಸುತ್ತ ಮಕ್ಕಳು, ನಡುವೆ ನಿಂತುಹೋದ ಕೊಕ್ಕರೆ ಕಥೆಯನ್ನು ಅವರಿಗೆ ಹೇಳುತ್ತಿದ್ದರು. ಬೊಮ್ಮಕ್ಕನ ತೊಡೆಯ ಮೇಲೆ ಮಾಚ.

"ಇದೇನು ಅಯ್ಯಾ, ಎಲ್ಲ ಆಚೆ ಬಂದು ಕೂತಿದ್ದೀರಿ?" ಅಂದಳು ಜಕ್ಕವ್ವ.

"ಒಳಗೆ ಕಥೆ ಹೇಳುವ ಹಾಗಿಲ್ಲವಂತೆ, ತಾಯಿ. ಕಟ್ಟಳೆಯಂತೆ."

ಮಾಚ ಓಡಿ ಬಂದು ಅವಳ ಸೆರಗು ಹಿಡಿದೆಳೆದು ನಡುವೆ ಕೂರಿಸಿದ. ಕೇತ ಗಂಟು ಅವಳ ಪಕ್ಕ ಇಟ್ಟು ದೂರ ಹೋಗಿ ನಿಂತ. ತಲೆಯಲ್ಲಿ ಇನ್ನೂ ಉಣ್ಣೆ. ಎಲ್ಲಿ ನೋಡಬೇಕೋ ತಿಳಿಯದೆ ಕಾಲ್ಬೆರಳು ನೋಡಿದ.

ಗುರುಗಳು ಒಂದಿಷ್ಟು ಸರಿದರು. ತಮ್ಮ ಪಕ್ಕದ ನೆಲವನ್ನು ಅಂಗೈಯಿಂದ ತಟ್ಟಿದರು.

ಕೇತ ಬಂದು ಕೂತ. "ಗುರುಗಳೇ, ನಾನು..."

ಗುರುಗಳು ತುಟಿಯ ಮೇಲೆ ಬೆರಳಿಟ್ಟರು. ಜಕ್ಕವ್ವನ ಕಡೆ ತಿರುಗಿದರು.

"ಬೇಗ ಹೇಳು ತಾಯಿ. ಆ ಕೊಕ್ಕರೆ ಮೂರು ದಿನದಿಂದ ಒಂಟಿ ಕಾಲಲ್ಲೇ ನಿಂತಿದೆ."