ಬೆಂಕಿ ಬೇಡವೆಂದ ತಮಟೆ

ನನ್ನ ಮೀಸೆಯಾಣೆ, ಇದರಲ್ಲಿ ಒಂದಕ್ಷರವೂ ಸುಳ್ಳಿಲ್ಲ. ತಗಡಿನ ಮಾತು, ತೊಗಲಿನ ಮಾತು ಅರ್ಥವಾಗುವುದು ಈ ತಾಲ್ಲೂಕಿನಲ್ಲಿ ನನಗೊಬ್ಬನಿಗೇ.

ಮದುಮಗಳನ್ನು ಕರೆದುಕೊಂಡು ನಮ್ಮ ದಿಬ್ಬಣ ಹುಸೇನ್ ಸಾಬರ ಬಳೆ ಅಂಗಡಿಗೆ ಬಂತು. ಹಸಿರು ಬಳೆ ತೊಡಿಸದೆ ಅವಳನ್ನು ಹಸೆಗೆ ಕೂರಿಸುವಂತಿಲ್ಲ. ಸಾಬರು ಎದುರುಗೊಳ್ಳಲು ಹೊರಗೆ ಬಂದರು. ಚರ್ಮ ಬಿಗಿಯಾಗಲೆಂದು ತಮಟೆಯವರು ಅಂಗಡಿ ಮುಂದೆಯೇ ಹುಲ್ಲಿಗೆ ಬೆಂಕಿಯಿಟ್ಟರು. ಕೂಡಲೇ ಅಂಗಡಿಯ ತಗಡಿನ ಶಟರು ತಾನಾಗಿ ಕೆಳಗಿಳಿದು ಬಿಗಿದುಕೊಂಡಿತು. ಎರಡು ಕೋಣ ಹೊರಬಲ್ಲ ನಾನೇ ಎತ್ತಿದರೂ ಅದು ಜಗ್ಗಲಿಲ್ಲ.

“ಏನಣ್ಣ, ಮದುವೆ ನಿಲ್ಲಿಸುತ್ತೀಯಾ?” ಎಂದಿತು ತಮಟೆ.

“ಆ ಚುನಾವಣೆಯ ಗಲಭೆಯ ವರ್ಷವೂ ಹೀಗೇ ತಮಟೆ ಬಂತು, ಹಿಂದೆಯೇ ಬೆಂಕಿ ಬಂತು ತಮ್ಮ,” ಎಂದಿತು ಶಟರು. “ಬೆಂಕಿ ತಂದವರು ಹೊರಗಿನವರಲ್ಲ, ನಮ್ಮ ಬಳೆ ಕೊಳ್ಳುತ್ತಿದ್ದವರೇ. ಒಳಗೆ ಸಾಬರ ಅಣ್ಣ ಇದ್ದರು. ಅವತ್ತು ನಾನು ತೆರೆದೇ ಇದ್ದೆ.”

ತಮಟೆ ನನ್ನತ್ತ ತಿರುಗಿತು. “ಕಾಯಿಸದಿದ್ದರೆ ನನಗೆ ದನಿಯಿಲ್ಲ. ಇರಲಿ, ಬೆಂಕಿ ಆರಿಸಲು ಹೇಳಿ ಮಾವ,” ಎಂದಿತು ನನಗೆ.

ನಾನು ಹೇಳಿದೆ, ಅವರು ನೀರು ಸುರಿದರು. ತಣ್ಣಗಿನ ತಮಟೆ ಒದ್ದೆ ಗೋಣಿಚೀಲ ಬಡಿದ ಹಾಗೆ ಮೊಳಗಿತು. ಸಾಬರು ಕೂಡ ನಕ್ಕುಬಿಟ್ಟರು. ಶಟರು ಮೆಲ್ಲಗೆ ಪೂರ್ತಿ ಮೇಲೇರಿತು. ಮದುಮಗಳು ಎರಡೂ ಕೈತುಂಬ ಬಳೆ ತೊಟ್ಟಳು.

ಪೂರ್ತಿ ಎಂದೆನಲ್ಲ, ಅದೊಂದು ಮಾತ್ರ ನಾನು ಸೇರಿಸಿದ್ದು. ಶಟರು ಇನ್ನೂ ಒಂದು ಮೊಳ ಕೆಳಗೇ ಇದೆ. ನಾವೆಲ್ಲ ತಲೆ ಬಗ್ಗಿಸಿ ಒಳಗೆ ಹೋಗುತ್ತೇವೆ.