ಮೀಸೆಗೆ ನಗುವ ಸಭೆ

"ಅಳಿಯನ ತಮಾಷೆ, ಜಿಪುಣನ ತಮಾಷೆ, ಕಿವುಡನ ತಮಾಷೆ, ಯಾವುದು ಬೇಕಾದರೂ ಕೇಳಿ! ನನ್ನ ಹಾಗೆ ನಗಿಸೋನು ಸುತ್ತ ಏಳು ಪಾಳೆಯದಲ್ಲಿ ಇದ್ದರೆ ತೋರಿಸಿ!"

ಕಲ್ಲಗುಡಿಯ ಪಾಳೆಯಗಾರ ಕೆಂಚನಾಯಕ ಹೀಗೆ ಜಂಬ ಕೊಚ್ಚಿಕೊಂಡು ಅಳಿಯನ ತಮಾಷೆಯನ್ನೇ ಶುರು ಮಾಡಿದ. ಅಳಿಯ ಮಾವನ ಮನೆಗೆ ಹೋದನಂತೆ. ಒಂದು ಹೋಳಿಗೆ ತಿಂದು ನಾಚಿಕೊಂಡು "ಸಾಕು" ಅಂದನಂತೆ. ಅತ್ತೆ ತಟ್ಟೆಯನ್ನೇ ಎತ್ತಿಕೊಂಡು ಹೋದಳಂತೆ!

ನಾಯಕ ಮೀಸೆ ತಿರುವಿದ. ಸಭೆ ಬಿದ್ದು ಬಿದ್ದು ನಕ್ಕಿತು.

ನಗದೆ ನಿಂತವನು ಒಬ್ಬನೇ. ಮೊನ್ನೆ ತಾನೇ ಅಡುಗೆಮನೆಗೆ ಸೇರಿದ್ದ ಈರಭದ್ರ.

"ಏನೋ, ನಿನಗೆ ನಗು ಬರಲಿಲ್ಲವೋ?"

"ಹೇಗೆ ಬರುತ್ತೆ ಬುದ್ಧಿ? ಪಾಪ, ಹಸಿದುಕೊಂಡೇ ಎದ್ದನಲ್ಲ ಆ ಅಳಿಯ. ಸಾಕು ಅಂದ ಮೇಲೂ ಇನ್ನೊಂದು ಹಾಕಬೇಕು. ಅದು ಬಡಿಸೋರ ಧರ್ಮ."

ನಾಯಕನ ಮುಖ ಕೆಂಪಾಯಿತು. "ಸಂಜೆಯೊಳಗೆ ಗಂಟು ಮೂಟೆ ಕಟ್ಟು! ನಗು ಬಾರದವನ ಕೈಯಡುಗೆ ನನಗೆ ಬೇಡ."

ನಾಯಕನ ಬೆನ್ನ ಹಿಂದೆ ಚೆನ್ನಾಜಿ ನಿಂತಿದ್ದಳು. ಅವನಿಗೆ ಎಲೆಯಡಿಕೆ ಮಡಿಸಿಕೊಡುವುದು ಅವಳ ಕೆಲಸ. ಮಾತು ಕಮ್ಮಿ, ಕಣ್ಣು ಚುರುಕು. ಮೂರು ದಿನದಿಂದ ನಾಯಕ ಅಡಿಕೆ ಮುಟ್ಟದೆ ಬರೀ ಎಲೆ ಜಗಿಯುತ್ತಿರುವುದನ್ನು ನೋಡಿದ್ದಳು. ಅವನ ಬಲ ಮೊಣಕೈ ಮೇಲೆ ಹೋದಾಗಲೆಲ್ಲ ಸಭೆ ನಗುವುದನ್ನೂ ನೋಡಿದ್ದಳು. ಈರಭದ್ರನ ಬಾಡಿದ ಮುಖ ನೋಡಿ ಅವಳಿಗೆ ತಡೆಯಲಾಗಲಿಲ್ಲ. ಎಲೆ ಕೊಡುವ ನೆಪದಲ್ಲಿ ಬಗ್ಗಿ ನಾಯಕನ ಕಿವಿಯಲ್ಲಿ ಪಿಸುಗುಟ್ಟಿದಳು.

"ಬುದ್ಧಿ, ಒಂದು ಪಂದ್ಯ. ನಿಮ್ಮ ಹಲ್ಲುನೋವಿನ ಸುದ್ದಿ ಹೇಳಿ ಮೀಸೆ ತಿರುವಿ. ಸಭೆ ಮರುಗಿದರೆ ಇವನ ಜೊತೆ ನಾನೂ ಊರು ಬಿಡ್ತೀನಿ. ನಕ್ಕರೆ ಇವನು ಉಳೀಬೇಕು."

"ನನ್ನ ನೋವಿಗೆ ನನ್ನ ಜನ ನಗ್ತಾರೇನೇ? ಹುಚ್ಚಿ! ಆಗಲಿ," ಎಂದು ಅವನೂ ಪಿಸುಗುಟ್ಟಿದ.

ನಾಯಕ ಗಂಟಲು ಸರಿಮಾಡಿಕೊಂಡ. "ಮೂರು ದಿನದಿಂದ ನನಗೆ ದವಡೆ ಹಲ್ಲು ನೋವು. ರಾತ್ರಿ ರೊಟ್ಟಿ ಅಗಿಯೋಕೂ ಆಗಲಿಲ್ಲ." ಮೀಸೆ ತಿರುವಿದ.

ಸಭೆ ಹೋ ಎಂದಿತು! ಒಬ್ಬರ ಮೇಲೊಬ್ಬರು ಉರುಳಿದರು. ದಳವಾಯಿ ಹೊಟ್ಟೆ ಹಿಡಿದುಕೊಂಡು, "ರೊಟ್ಟಿ! ಅಯ್ಯಯ್ಯೋ, ರೊಟ್ಟಿಯಂತೆ!" ಎಂದು ಕಣ್ಣೊರೆಸಿಕೊಂಡ.

"ಅಯ್ಯೋ ಬುದ್ಧಿ, ಲವಂಗ ಇಟ್ಕೊಂಡ್ರಾ?" ಅಂದವನು ಈರಭದ್ರನೊಬ್ಬನೇ. "ಮೊದಲೇ ಹೇಳಬಾರದಿತ್ತಾ? ಮೆತ್ತಗೆ ಗಂಜಿ ಕಾಯಿಸ್ತಿದ್ದೆ."

ನಾಯಕ ಗುಡುಗಿದ. "ದಳವಾಯಿ! ನನ್ನ ಹಲ್ಲುನೋವು ನಿನಗೆ ತಮಾಷೆಯೇ?"

ದಳವಾಯಿ ಎದ್ದು ಕೈ ಮುಗಿದ. "ನೀವು... ಮೀಸೆ ತಿರುವಿದಿರಲ್ಲ ಪ್ರಭು!"

ನಾಯಕ ನಿಧಾನವಾಗಿ ಹಿಂದಕ್ಕೆ ತಿರುಗಿದ. ಅವನ ದನಿ ಸಣ್ಣಗಾಗಿತ್ತು.

"ಚೆನ್ನಾಜಿ, ಹನ್ನೆರಡು ವರ್ಷದಿಂದ ನೀನೂ ಸೆರಗು ಬಾಯಿಗಿಟ್ಟುಕೊಂಡು ನಕ್ಕಿದ್ದೀಯ. ಅದೂ ಮೀಸೆಗೇನಾ?"

"ಛೇ ಛೇ, ನನ್ನ ನಗು ನಿಜವಾದದ್ದು ಬುದ್ಧಿ. ಹಿಂದೆ ನಿಂತೋಳಿಗೆ ನಿಮ್ಮ ಮೀಸೆ ಎಲ್ಲಿ ಕಾಣಬೇಕು? ಕಾಣೋದು ಇವರ ಮುಖಗಳು. ಅವನ್ನ ನೋಡಿಯೂ ನಗದೆ ಇರೋದುಂಟಾ?"

ನಾಯಕ ಸಭೆಯ ಕಡೆ ನೋಡಿದ. ಸಾಲಾಗಿ ಬಾಯಿ ಬಿಟ್ಟುಕೊಂಡ ಮುಖಗಳು! ಕೆನ್ನೆ ಹಿಡಿದುಕೊಂಡು, "ಅಯ್ಯಯ್ಯೋ ನನ್ನ ಹಲ್ಲು!" ಅನ್ನುತ್ತಲೇ ಗಹಗಹಿಸಿ ನಕ್ಕ. ತನ್ನ ಕೈಯ ಕಡಗ ಬಿಚ್ಚಿ ಚೆನ್ನಾಜಿಗೆ ಕೊಟ್ಟ. ಈರಭದ್ರ ಆಗಲೇ ಲವಂಗ ತರಲು ಅಡುಗೆಮನೆಗೆ ಓಡಿದ್ದ.

ಸಭೆ ಮಾತ್ರ, ಈಗ ನಗಬೇಕೋ ಬೇಡವೋ ತಿಳಿಯದೆ, ದಳವಾಯಿಯ ಮುಖವನ್ನೇ ನೋಡುತ್ತ ಕೂತಿತ್ತು.